ಕುಂಕುಮದ ತಟ್ಟೆ ಮನೆಗೆ ಬಂದ ದಾರಿ

ಕೂಸು ಹುಟ್ಟಿತು! ಮಗಳಿಗೆ ಮದುವೆಯಾಗಿ ಬಹಳ ವರ್ಷ ಕಾದ ಮೇಲೆ ಹೆಣ್ಣುಕೂಸು. ಬಾಣಂತನಕ್ಕೆ ಉರಿಗಾಂನ ನಮ್ಮ ಮನೆಗೇ ಬಂದಿದ್ದಾಳೆ. ಆ ಕೆಂಪು ಪಾದ ನೋಡಿದಾಗಿನಿಂದ ನಾನು ಕೂತಲ್ಲಿ ಕೂರುತ್ತಿಲ್ಲ. ನಾನು ಓದಿದ್ದು ಬೂದಿಕೋಟೆ ಕಡೆಯ ಹಳ್ಳಿ ಶಾಲೆಯಲ್ಲಿ, ಅದೂ ಮೂರನೇ ಕ್ಲಾಸಿನವರೆಗೆ. ಆದರೂ ಬರೆಯುತ್ತಿದ್ದೇನೆ. ನಾನು ಹೇಳಿದ್ದೇ ಹೇಳಿ ಮನೆಯವರ ಕಿವಿ ತೂತಾಗಿದೆಯಂತೆ, ಇನ್ನು ಕಾಗದಕ್ಕೇ ಹೇಳಬೇಕು.

ನಾಮಕರಣಕ್ಕೆ ಜನರನ್ನು ಕರೆಯಬೇಕಿತ್ತು. ಚಿನ್ನದ ಗಣಿಯ ಕಾಲದ ಸಾಲುಮನೆಗಳಿಗೆ ಇಲ್ಲಿ ಲೈನು ಅನ್ನುತ್ತಾರೆ. ನಮ್ಮ ಲೈನಿನಲ್ಲಿ ಶುಭಕಾರ್ಯಕ್ಕೆ ಫೋನಿನಲ್ಲಿ ಕರೆದರೆ ಕರೆದ ಹಾಗಲ್ಲ. ಕುಂಕುಮದ ತಟ್ಟೆ ಹಿಡಿದು ಎಲ್ಲ ಬೀದಿಗಳಲ್ಲೂ ನಡೆಯಬೇಕು. ಒಮ್ಮೆ ನಡೆದ ಬೀದಿಗೆ ಅದೇ ತಟ್ಟೆ ಮತ್ತೆ ಬರಬಾರದು; ಬಂದರೆ, ಕೊಟ್ಟ ಕರೆಯನ್ನು ವಾಪಸ್ ತೆಗೆದುಕೊಂಡ ಹಾಗೆ. ಕೊನೆಗೆ ತಟ್ಟೆ ಮನೆಗೇ ಬಂದು ತೊಟ್ಟಿಲ ಕೆಳಗೆ ಕೂರಬೇಕು.

ಹಿಂದೆಲ್ಲ ಇದು ಸಲೀಸಾಗಿತ್ತು. ನಲ್ಲಿಯ ಪಕ್ಕದ ಮನೆಯವಳು ಒಂದು ತಟ್ಟೆ, ನಾನೊಂದು ತಟ್ಟೆ ಹಿಡಿಯುತ್ತಿದ್ದೆವು. ನಡುವಿನ ಬೀದಿ ಅವಳಿಗೆ, ಸುತ್ತಲಿನ ನಾಲ್ಕು ಬೀದಿ ನನಗೆ. ಆಮೇಲೊಂದು ಬೆಳಿಗ್ಗೆ ನಲ್ಲಿಯ ಸಾಲಿನಲ್ಲಿ ಯಾರ ಬಿಂದಿಗೆ ಮುಂದಿತ್ತು ಎಂದು ಮಾತು ಬೆಳೆಯಿತು. ಇಬ್ಬರೂ ಲೈನೆಲ್ಲ ಕೇಳುವಂತೆ ಕೂಗಾಡಿದೆವು. ಅಂದಿನಿಂದ ಮಾತಿಲ್ಲ. ಈ ಸಲ ತಟ್ಟೆಯೂ ಒಂದೇ, ಕಾಲೂ ನನ್ನವೇ ಎರಡು, ಅದರಲ್ಲೂ ಒಂದಕ್ಕೆ ಮಂಡಿ ನೋವು. ಮನಸ್ಸಿನಲ್ಲೇ ಎಷ್ಟು ಸಲ ನಡೆದರೂ ಒಂದು ಬೀದಿ ಉಳಿದುಬಿಡುತ್ತಿತ್ತು.

ನಾನು ಅವರೆಕಾಯಿ ಸುಲಿಯುತ್ತಾ ಗೊಣಗುತ್ತಿದ್ದೆ. ಮಗನ ಮಗಳು ದಿನಾ ರೈಲಿನಲ್ಲಿ ಬಂಗಾರಪೇಟೆಯ ಕಾಲೇಜಿಗೆ ಹೋಗುವವಳು. ಪಕ್ಕದಲ್ಲಿ ಕೂತು ನಕ್ಕಳು.

"ಅಜ್ಜಿ, ಇದು ನಮ್ ಪಾಠದಾಗೇ ಐತೆ. ಗ್ರಾಫು ಅಂತಾರೆ."

ನೆಲದ ಮೇಲೆ ನಾಲ್ಕು ಕಾಳು ಇಟ್ಟಳು: ನಮ್ಮ ಮನೆ, ನಲ್ಲಿ, ಮಾರಮ್ಮನ ಗುಡಿ, ಅಂಗಡಿ. ಕಾಳಿಂದ ಕಾಳಿಗೆ ಹೂ ಕಟ್ಟುವ ದಾರ ಎಳೆದಳು. ಸುತ್ತ ನಾಲ್ಕು ದಾರ; ನಲ್ಲಿಯಿಂದ ಅಂಗಡಿಗೆ ನಡುವೆ ಇನ್ನೊಂದು.

"ಕಾಳು ಅಂದ್ರೆ ವರ್ಟೆಕ್ಸು, ದಾರ ಅಂದ್ರೆ ಎಡ್ಜು. ಒಂದು ಕಾಳಿಗೆ ಎಷ್ಟು ದಾರ ಸೇರ್ತವೋ ಅದು ಆ ಕಾಳಿನ ಡಿಗ್ರಿ."

"ಬಂಗಾರಪೇಟೆ ಸ್ಟೇಷನ್ನಿಂದ ನಾಲ್ಕು ಕಡೀಕೆ ರೈಲು ಓಗ್ತವಲ್ಲ, ಅಂಗಾ?"

"ಅಂಗೇ! ಅದರ ಡಿಗ್ರಿ ನಾಲ್ಕು. ನಮ್ ರೈಲು ಮಾರಿಕುಪ್ಪಂಗೆ ಓಗಿ ನಿಂತೋಯ್ತದಲ್ಲ, ಅದರ ಡಿಗ್ರಿ ಒಂದೇ."

"ಪಾಪ," ಅಂದೆ.

"ಪಾಪ ನೀನು! ನೋಡು, ಒಂದು ಮೂಲೆಗೆ ಒಂದು ಬೀದೀಲಿ ಬತ್ತೀಯ, ಇನ್ನೊಂದರಾಗೆ ಓಗ್ತೀಯ. ಜೋಡಿ ಜೋಡಿ ಆಗ್ಬೇಕು. ನಲ್ಲಿ ತಾವ ಮೂರು, ಅಂಗಡಿ ತಾವ ಮೂರು. ಜೋಡಿ ಸಿಗಲ್ಲ. ನಲ್ಲಿಯಿಂದ ಒರಟ್ರೆ ಅಂಗಡಿಗೆ ಮುಗೀತದೆ. ಮನೆಯಿಂದ ಒರಟು ಮನೆಗೇ ಬರಕಾಗಲ್ಲ."

"ಬೇರೆ ದಾರಿ ನೋಡಮ್ಮಿ."

"ಇಲ್ಲ ಅಜ್ಜಿ."

"ಅಂಗಾದ್ರೆ ಕಾಲೇಜು ಬದಲಾಯ್ಸು!"

ಒಳಗಿನಿಂದ ಮಗಳು ನಗುತ್ತಾ, "ಅಮ್ಮಾ, ವಾಟ್ಸಾಪಲ್ಲಿ ಕರಿ, ಸಾಕು," ಅಂದಳು. ಇಷ್ಟು ವರ್ಷ ಕಾದ ಕೂಸಿಗೆ ವಾಟ್ಸಾಪೇ? ನನ್ನ ಕಣ್ಣು ತುಂಬಿತು. ಅದನ್ನು ನೋಡಿ ಮೊಮ್ಮಗಳು ಮತ್ತೊಂದು ದಾರ ಕಿತ್ತು, ನಲ್ಲಿಯಿಂದ ಅಂಗಡಿಗೆ ಎರಡನೆಯ ಗೆರೆ ಎಳೆದಳು.

"ಇಂಗೊಂದು ದಾರಿ ಇದ್ರೆ ಎರಡೂ ಕಡೆ ನಾಲ್ಕಾಗ್ತದೆ. ಆಗ ಎಲ್ಲಾ ಜೋಡಿ."

ನಾನು ಸುಲಿಯುವುದನ್ನು ನಿಲ್ಲಿಸಿದೆ. ಅಂಥ ದಾರಿ ಇತ್ತು. ನಲ್ಲಿಯ ಪಕ್ಕದವಳ ಮನೆ! ಮುಂಬಾಗಿಲು ಅಂಗಡಿ ಮೂಲೆಗೆ, ಹಿತ್ತಲ ಬಾಗಿಲು ನಲ್ಲಿಗೆ. ಅವಳ ಮನೆ ಮೂಲೆಯಲ್ಲಿದೆ, ಯಾವ ಬೀದಿಗೂ ಸೇರದು, ಆದ್ದರಿಂದ ಕರೆಯಬೇಕಿಲ್ಲ ಎಂದು ನಾನು ಆಗಲೇ ತೀರ್ಮಾನಿಸಿ ಆಗಿತ್ತು.

ಮರುದಿನ ತಟ್ಟೆ ಹಿಡಿದು ಹೊರಟೆ. ನಲ್ಲಿಯವರೆಗೆ ಕರೆದೆ, ನಡುವಿನ ಬೀದಿಯಲ್ಲಿ ಕರೆದೆ, ಅಂಗಡಿ ಮೂಲೆಗೆ ಬಂದು ನಿಂತೆ. ಅವಳು ಬಾಗಿಲಲ್ಲೇ ಕೂತು ಅಕ್ಕಿ ಆರಿಸುತ್ತಿದ್ದಳು. ತಲೆ ಎತ್ತಲಿಲ್ಲ.

"ಏನು, ದಾರಿ ತಪ್ಪೋಯ್ತಾ?"

"ದಾರಿ ಸರಿಯಾಗೈತೆ. ನಿನ್ ಮನೆ ಒಳಗಿಂದ ಐತೆ. ಕುಂಕುಮ ಇಟ್ಕೊ, ನಾಮಕರಣಕ್ಕೆ ಬಾ, ಆಮೇಲೆ ಇತ್ತಲ ಬಾಗಿಲು ತೆಗಿ."

"ಯಾಕೆ, ಮುಂಬಾಗಿಲು ಸಾಲಲ್ವಾ ನಿನ್ಗೆ?"

"ಲೆಕ್ಕ ಅಂಗೈತೆ ಕಣೇ. ನಲ್ಲಿ ತಾವ ಮೂರೇ ಬೀದಿ. ನಿನ್ ಮನೆ ಸೇರಿದ್ರೆ ನಾಲ್ಕು."

"ಅಯ್ಯೋ ಕಡವುಳೇ, ದೇವ್ರೇ! ಇಷ್ಟು ಕಾಲ ಆದ್ಮೇಲೆ ಬಂದು ನನ್ ಮನೇನ ಬೀದಿ ಅಂತಾಳಲ್ಲ!" ಮೊರ ತೊಡೆಯ ಮೇಲಿಟ್ಟುಕೊಂಡಳು. ಒಂದು ಕಲ್ಲು ಹೆಕ್ಕಿ ಎಸೆದು ಕೇಳಿದಳು: "ಕೂಸು ಯಾರಂಗೈತೆ?"

"ನಿನ್ನಂಗೆ. ಬಾಯಿ ಮುಚ್ಚೋದೇ ಇಲ್ಲ."

ಅವಳು ನಕ್ಕಳು ನೋಡಿ, ಮೊರದ ಅಕ್ಕಿಯೆಲ್ಲ ಅಲುಗಿತು. ಹಣೆಗೆ ಕುಂಕುಮ ಇಟ್ಟುಕೊಂಡಳು, ತಾಳಿಗೂ ಇಟ್ಟುಕೊಂಡಳು. ಅಡುಗೆಮನೆ ದಾಟಿಸಿ ಕರೆದೊಯ್ದಳು. ಹಿತ್ತಲ ಬಾಗಿಲಿಗೆ ಬಿಂದಿಗೆಗಳು ಅಡ್ಡ ಇದ್ದವು. ಒಂದೊಂದಾಗಿ ಸರಿಸುತ್ತಾ, "ಆವತ್ತು ನಂದೇ ಮುಂದಿದ್ದಿದ್ದು," ಅಂದಳು.

"ಇಲ್ಲ, ನಂದು."

"ನಿನ್ ಮಂಡಿ ನಡಿಗೆ ನೋಡಕಾಗಲ್ಲ, ಕೊಡಿಲ್ಲಿ," ಎಂದು ತಟ್ಟೆ ಕಿತ್ತುಕೊಂಡಳು. ನಲ್ಲಿಯಿಂದ ಗುಡಿಯವರೆಗೆ, ಗುಡಿಯಿಂದ ಅಂಗಡಿಯವರೆಗೆ ಮನೆ ಮನೆಗೆ ಕುಂಕುಮ, ನಡುನಡುವೆ ಬಿಂದಿಗೆ ಜಗಳ. ಅಂಗಡಿ ದಾಟಿ ಮನೆ ಮುಟ್ಟುವವರೆಗೂ ಅದು ಇತ್ಯರ್ಥವಾಗಲಿಲ್ಲ; ಯಾವ ಬೀದಿಗೂ ಎರಡನೇ ಸಲ ಕಾಲಿಡಲಿಲ್ಲ.

ತಟ್ಟೆಯನ್ನು ತೊಟ್ಟಿಲ ಕೆಳಗೆ ಇಟ್ಟವಳು ಅವಳೇ. ಬಗ್ಗಿ ಕೂಸನ್ನು ನೋಡಿ, "ನನ್ನಂಗೆಲ್ಲೈತೆ? ಮೂಗು ಪೂರಾ ನಿಂದೇ," ಅಂದಳು. ನಿನ್ನೆಯಿಂದ ನೆಲದ ಮೇಲೆ ಹಾಗೇ ಇದ್ದ ಕಾಳುಗಳನ್ನು ಮೊಮ್ಮಗಳು ಬಳಿದು ತೊಳೆದಳು. ಮನೆ, ಗುಡಿ, ನಲ್ಲಿ, ಅಂಗಡಿ ಎಲ್ಲವೂ ಅಂದಿನ ಸಾರಿನಲ್ಲಿ ಬೆಂದವು. ಒಂದು ಬಟ್ಟಲು ತುಂಬಿ ನಾನೇ ಅವಳ ಮನೆಗೆ ಕೊಟ್ಟು ಬಂದೆ, ಹಿತ್ತಲ ಬಾಗಿಲಿನಿಂದ.