ಮುತ್ತೈದೆಯರು ನೋಡಬಾರದ ವಿಡಿಯೋ

ಕೊರೋನಾ ಕಳೆದ ಮರುವರ್ಷ ನಾನು ಹೊಸೂರಿನ ಒಂದು ಆಫೀಸಿನಲ್ಲಿ ಕೆಲಸಕ್ಕೆ ಸೇರಿದೆ. ಮೊಮ್ಮಕ್ಕಳೇ, ನಿಮ್ಮ ತಾತ ತೀರಿಕೊಂಡು ಆಗ ಎರಡು ವರ್ಷವಾಗಿತ್ತು. ಕಂಪ್ಯೂಟರಿನ ಮುಂದೆ ಕೂತು ಏನು ಮಾಡುತ್ತಿದ್ದೆ ಎಂದು ನೀವು ಕೇಳಿದಾಗಲೆಲ್ಲ ಮಾತು ಮರೆಸಿದ್ದೇನೆ. ಎದುರಿಗೆ ಹೇಳಲು ಸಂಕೋಚ; ಬರೆದರೆ ಹೇಳಬಲ್ಲೆ.

ಕೆಲಸದ ಹೆಸರು ಕಂಟೆಂಟ್ ಮಾಡರೇಶನ್. ಜನ ಇಂಟರ್‌ನೆಟ್ಟಿನಲ್ಲಿ ಹಾಕಿದ ವಿಡಿಯೋ ಯಾರಿಗಾದರೂ ಸರಿ ಕಾಣದಿದ್ದರೆ ‘ರಿಪೋರ್ಟ್’ ಒತ್ತುತ್ತಾರೆ. ಅದು ನಮ್ಮ ಕಂಪ್ಯೂಟರಿಗೆ ಬಂದು ಸಾಲಿನಲ್ಲಿ ನಿಲ್ಲುತ್ತದೆ. ಆ ಸಾಲಿಗೆ ಕ್ಯೂ ಎನ್ನುತ್ತಿದ್ದರು. ನಾವು ನೋಡಿ, ಪಾಲಿಸಿಗೆ, ಅಂದರೆ ಕಂಪನಿಯ ನಿಯಮಕ್ಕೆ, ಹೋಲಿಸಿ, ‘ಇರಲಿ’ ಅಥವಾ ‘ತೆಗೆ’ ಎಂದು ಒತ್ತಬೇಕು. ತಮಿಳು, ತೆಲುಗು ಬೆರೆತ ನಮ್ಮ ಕಡೆಯ ಕನ್ನಡ, ವಿಡಿಯೋಗಳನ್ನು ತಾನಾಗಿ ಸೋಸುವ ಯಂತ್ರಕ್ಕೆ ತಿಳಿಯದು. ಹಾಗಾಗಿ ಗುಮ್ಮಳಾಪುರದಲ್ಲಿ ಹತ್ತನೆಯ ತರಗತಿಯವರೆಗೆ ಓದಿದ ನನಗೂ ಅಲ್ಲೊಂದು ಕುರ್ಚಿ ಸಿಕ್ಕಿತು.

ಒಂದು ದಿನ ಊಟವಾದ ಮೇಲೆ ಪಕ್ಕದ ಕುರ್ಚಿಯ ಸುಧಾ, ಹೊಸದಾಗಿ ಮದುವೆಯಾದ ಹುಡುಗಿ, ಕಣ್ಣಿಗೆ ಕೈ ಅಡ್ಡ ಹಿಡಿದು ಎದ್ದಳು.

“ಅಕ್ಕಾ, ಇದ್ನ ನೀನೇ ನೋಡ್ಬುಡು. ನಾನ್ ನೋಡಲ್ಲ ಕಣಕ್ಕ.”

“ಏನೈತೆ ಅಂತಾದ್ದು?”

“ಬಳೆ ಒಡಿಯೋದು. ಮುತ್ತೈದೇರು ನೋಡ್ಬಾರ್ದು. ನಮ್ಮತ್ತೆಗೆ ಅಡುಗೆಮನೇಲಿ ಹಾಲು ಕುಡಿಯೋ ಬೆಕ್ಕು ಕಾಣಲ್ಲ, ಇದ್ನ ನೋಡಿದ್ದು ಮಾತ್ರ ನನ್ ಮೊಕ ನೋಡಿದ್ರೇ ಗೊತ್ತಾಗೋಯ್ತದೆ.”

ನಗಿಸಲೆಂದೇ ಹೇಳಿದಳು, ನೋಯಿಸಲು ಅಲ್ಲ. ಆ ಕೋಣೆಯಲ್ಲಿ ಗಂಡನನ್ನು ಕಳೆದುಕೊಂಡವಳು ನಾನೊಬ್ಬಳೇ. ಸಾವಿನ ವಿಡಿಯೋಗಳೆಲ್ಲ ಹೀಗೇ ನನ್ನ ಕುರ್ಚಿಗೆ ಬರುತ್ತಿದ್ದವು.

ನಮ್ಮ ಕಡೆ ಗಂಡ ತೀರಿದವಳ ಬಳೆಯನ್ನು ಬೆಳಕು ಹರಿಯುವ ಮೊದಲು ಒಡೆಯುತ್ತಾರೆ. ಸುತ್ತ ನಿಲ್ಲುವವರು ವಿಧವೆಯರು ಮಾತ್ರ. ಗಂಡಸರು, ಮುತ್ತೈದೆಯರು, ಮಕ್ಕಳು ಆ ಕಡೆ ತಿರುಗಬಾರದು. ಅದನ್ನು ಯಾರೋ ಗೋಡೆಯಾಚೆಯಿಂದ ಫೋನಿನಲ್ಲಿ ಹಿಡಿದು, ತಮಟೆ ಸದ್ದು ಸೇರಿಸಿ, ‘ಕೊನೆವರೆಗೂ ನೋಡಿ’ ಎಂದು ಹಾಕಿದ್ದರು. ಕೆಳಗೆ, ನೋಡಿದವರು ಒತ್ತಿದ ನಗುವ ಮುಖಗಳ ಸಾಲು.

ಹುಡುಗಿಗೆ ಇಪ್ಪತ್ತೈದು ದಾಟಿರಲಾರದು. ಒಂದು ಕೈಯ ಬಳೆ ಆಗಲೇ ಹೋಗಿತ್ತು. ಇನ್ನೊಂದು ಕೈಯನ್ನು ಎದೆಗೆ ಒತ್ತಿಕೊಂಡಿದ್ದಳು.

“ಅಜ್ಜೀ, ಈ ಕೈದು ಬುಟ್ಬುಡಜ್ಜಿ. ಡೆಂಕಣಿಕೋಟೆ ಸಂತೇಲಿ ಅವ್ರೇ ತೊಡ್ಸಿದ್ದು.”

“ಕಣ್ ಮುಚ್ಕವ್ವ. ನಾನಿದೀನಿ,” ಎಂದಳು ಎದುರಿಗಿದ್ದ ಮುದುಕಿ.

ರಿಪೋರ್ಟ್ ಒತ್ತಿದವಳು ಆ ಹುಡುಗಿಯ ತಂಗಿ. ಜೊತೆಗೆ ಕನ್ನಡದಲ್ಲಿ ಹೀಗೆ ಬರೆದಿದ್ದಳು: ‘ಇದು ನಮ್ಮಕ್ಕ. ಅವಳಿಗೆ ಇನ್ನೂ ಗೊತ್ತಿಲ್ಲ. ಅವಳು ನೋಡುವ ಮೊದಲು ತೆಗೆಯಿರಿ.’

‘ತೆಗೆ’ ಎಂದು ಒತ್ತಬೇಕಾದರೆ ಒಂದು ಕಾರಣ ಆರಿಸಬೇಕು. ನಮಗೆ ಕೊಟ್ಟ ಕಾರಣಗಳಲ್ಲಿ ಇದಕ್ಕೆ ಹೊಂದುವುದು ಯಾವುದೂ ಇರಲಿಲ್ಲ. ನಮ್ಮ ಟೀಮ್ ಲೀಡ್ ಮಾಲತಿಯ ಹತ್ತಿರ ಹೋಗಿ ತಂಗಿಯ ದೂರು ಹೇಳಿದೆ. ಕೃಷ್ಣಗಿರಿಯ ತಮಿಳು ಹುಡುಗಿ, ಒಳ್ಳೆಯವಳೇ.

“ಹೊಡೆದಿದಾರಾ ಅಮ್ಮಾ?”

“ಇಲ್ಲ.”

“ಸೀರೆ ಜಾರಿದೆಯಾ?”

“ಇಲ್ಲವ್ವ.”

“ದೂರು ಕೊಟ್ಟಿದ್ದು ತಂಗಿಯಾ? ಹಾಗಾದ್ರೆ ಆಗಲ್ಲ. ವಿಡಿಯೋದಲ್ಲಿ ಇರೋರೇ ಕೊಡಬೇಕು. ಎಷ್ಟನೇ ಸೆಕೆಂಡಲ್ಲಿ ಕಾಣ್ತೀನಿ ಅಂತ ಬರೀಬೇಕು.”

“ಅವ್ಳು ನೋಡ್ಬಾರ್ದು ಅಂತಾನೇ ಅಲ್ವಾ ತಂಗಿ ಕೇಳ್ತಿರೋದು?”

ಮಾಲತಿ ದನಿ ತಗ್ಗಿಸಿ, “ಒಂದು ತೊಟ್ಟು ರಕ್ತ ಕಂಡರೂ ಹೇಳಿ ಅಮ್ಮಾ. ನಾನೇ ತೆಗೆಸ್ತೀನಿ,” ಎಂದಳು.

ಕುರ್ಚಿಗೆ ಮರಳಿ, ವಿಡಿಯೋವನ್ನು ಒಂದೊಂದೇ ಚಿತ್ರವಾಗಿ ನಿಲ್ಲಿಸಿ ರಕ್ತ ಹುಡುಕಿದೆ. ಒಂದು ತೊಟ್ಟಾದರೂ ಇರಲಪ್ಪ ಎಂದು ದೇವರನ್ನು ಬೇಡಿದೆ. ಮುದುಕಿ ಮೊದಲು ಹುಡುಗಿಯ ಮಣಿಕಟ್ಟಿಗೆ ಒದ್ದೆ ಬಟ್ಟೆ ಸುತ್ತಿದಳು. ಬಟ್ಟೆಯ ಮೇಲೆ ಮೆಲ್ಲಗೆ ಕಲ್ಲಿನಿಂದ ತಟ್ಟಿದಳು. ಚೂರುಗಳನ್ನು ತನ್ನ ಸೆರಗಿಗೆ ಉದುರಿಸಿಕೊಂಡಳು. ಆಮೇಲೆ ಆ ಬರಿಗೈಯನ್ನು ತನ್ನ ಕೆನ್ನೆಗೆ ಇಟ್ಟುಕೊಂಡಳು. ಒಂದು ಗೀರೂ ಇರಲಿಲ್ಲ. ಅಷ್ಟು ಹಗುರವಾದ ಕೈಯ ಮೇಲೆ ನನಗೆ ಕೋಪ ಬಂತು.

ನನ್ನ ಮಣಿಕಟ್ಟಿನ ಗುರುತನ್ನು ಸವರಿ, ಕುಡುಗೋಲು ತಗುಲಿದ್ದಾ ಎಂದು ನೀವು ಕೇಳುತ್ತಿದ್ದಿರಿ. ಅಲ್ಲ. ನನ್ನ ಬಳೆ ಒಡೆದವಳು ಅವಸರದವಳು. ಇದು ನನ್ನ ವಿಡಿಯೋ ಆಗಿದ್ದರೆ ತೆಗೆಯಬಹುದಿತ್ತು ಎಂದುಕೊಂಡೆ.

ಇಲ್ಲದ ‘ರಕ್ತ’ವನ್ನೇ ಕಾರಣವೆಂದು ಒತ್ತಿ ತೆಗೆದೆ. ಆದರೆ ನಮ್ಮ ತೀರ್ಮಾನವನ್ನು ಇನ್ನೊಬ್ಬರು ಮತ್ತೆ ನೋಡುತ್ತಾರೆ. ಅದಕ್ಕೆ ಕ್ವಾಲಿಟಿ ಚೆಕ್ ಎಂದು ಹೆಸರು. ಅವರು ಎಲ್ಲಿಯವರೋ, ಯಾವ ಭಾಷೆಯವರೋ. ‘ಗಾಜಿನ ಬಳೆ ಒಡೆಯುತ್ತಿದೆ, ಗಾಯವಿಲ್ಲ’ ಎಂದು ಬರೆದು ಸಂಜೆಯೊಳಗೆ ವಿಡಿಯೋವನ್ನು ಮರಳಿ ಹಾಕಿದರು. ‘ವಿಡಿಯೋದಲ್ಲಿರುವವರೇ ದೂರು ಕೊಡಬೇಕು’ ಎಂದು ತಂಗಿಗೆ ಸಿದ್ಧ ಉತ್ತರ ಹೋಯಿತು.

ಕೆಲವು ವಾರಗಳ ಮೇಲೆ ಅದೇ ವಿಡಿಯೋ ಮತ್ತೆ ಕ್ಯೂಗೆ ಬಂತು. ಸುಧಾ ಅದನ್ನು ನನ್ನ ಕಡೆ ಸರಿಸಿದಳು. ಈ ಸಲ ದೂರು ಕೊಟ್ಟವಳು ಆ ಹುಡುಗಿಯೇ. ಎಲ್ಲ ನಿಯಮದಂತೆ ಇತ್ತು. ಎಷ್ಟನೆಯ ಸೆಕೆಂಡು ಎಂಬಲ್ಲಿ ತನ್ನ ಮುಖ ಮೊದಲು ಕಾಣುವ ಜಾಗ ಬರೆದಿದ್ದರೆ ಸಾಕಿತ್ತು. ಅವಳು ಬರೆದದ್ದು, ‘ಈ ಕೈದು ಬುಟ್ಬುಡಜ್ಜಿ’ ಎಂದು ಬೇಡುವ ಜಾಗವನ್ನು. ಅಲ್ಲಿಯವರೆಗೂ ನೋಡಿದ್ದಳು, ಆ ತಮಟೆ ಸದ್ದಿನೊಡನೆ.

ಈಗ ಕಾರಣ ಸಿಕ್ಕಿತ್ತು. ‘ತೆಗೆ’ ಎಂದು ಒತ್ತಿದೆ.

“ನಿಮ್ಮ ಕೇಸು ಗೆದ್ದಿತಲ್ಲ ಅಮ್ಮಾ!” ಎಂದಳು ಮಾಲತಿ. ನಾನು ಕೈ ತೊಳೆಯುವ ಕಡೆ ಹೋಗಿ, ಅತ್ತದ್ದು ಕೇಳಿಸದಿರಲೆಂದು ನಲ್ಲಿ ತಿರುಗಿಸಿ ನಿಂತೆ.

ಮಕ್ಕಳೇ, ಬಳೆ ಒಡೆಯುವ ಪದ್ಧತಿ ಒಳ್ಳೆಯದೆಂದು ನಾನು ಹೇಳುವುದಿಲ್ಲ. ನಮ್ಮ ಮನೆಯಲ್ಲಿ ಅದು ನನ್ನ ಕೈಗೇ ಮುಗಿಯಲಿ. ಅಪಶಕುನದ ಭಯಕ್ಕೋ ಏನೋ, ಆ ಹೊತ್ತಿನಲ್ಲಿ ಮುಖ ತಿರುಗಿಸಬೇಕೆಂದು ನಮ್ಮವರಿಗಾದರೂ ಗೊತ್ತಿತ್ತು. ಕಂಪನಿಗೆ ಗೊತ್ತಿದ್ದದ್ದು ರಕ್ತವೊಂದೇ. ನಿಮ್ಮ ಫೋನಿಗೆ ಇಂಥದು ಬಂದರೆ ರಕ್ತ ಇದೆಯೇ ಎಂದು ಹುಡುಕಬೇಡಿ. ಅವಳು ಎದೆಗೆ ಒತ್ತಿಕೊಂಡ ಕೈ ಕಂಡೊಡನೆ ಅಲ್ಲಿಗೇ ನಿಲ್ಲಿಸಿ. ಅವಳ ಮಾತು ಕೇಳಿಸುವ ಮೊದಲೇ ನಿಲ್ಲಿಸಿ.