ಗ್ಲಾಸಿನ ತಳದ ಬಿಸ್ಕಿಟ್

ಇದು 2023ರ ಚಳಿಗಾಲದ ಮಾತು. ಆಗ ನಾವು ನಾಗಪುರದ ಲಕ್ಷ್ಮೀ ನಗರದಲ್ಲಿ ಒಂದು ಮನೆಯ ಮೊದಲ ಮಹಡಿಯಲ್ಲಿ ಬಾಡಿಗೆಗೆ ಇದ್ದೆವು. ನಮ್ಮವರಿಗೆ ಕೇಂದ್ರ ಸರ್ಕಾರದ ಕಚೇರಿಯೊಂದರಲ್ಲಿ ಕೆಲಸ. ನನಗೆ ಹುದ್ದೆ ಎಂದು ಹೇಳಿಕೊಳ್ಳುವಂಥದ್ದು ಏನೂ ಇರಲಿಲ್ಲ. ಹುಬ್ಬಳ್ಳಿಯಲ್ಲಿ ಕಾನ್ವೆಂಟ್ ಓದಿ, ಮದುವೆಯಾಗಿ, ಮನೆ ನಡೆಸಿಕೊಂಡು ಬಂದವಳು. ಆದರೆ ಅಡುಗೆಮನೆಯ ಮೂಲೆಯಲ್ಲಿ ಒಂದು ಓವನ್ ಇತ್ತು. ಸುತ್ತಲಿನವರು ವಾಟ್ಸಾಪಿನಲ್ಲಿ ಹೇಳಿದರೆ ಕೇಕು, ಪುಡ್ಡಿಂಗು ಮಾಡಿ ಕೊಡುತ್ತಿದ್ದೆ. ನಮ್ಮ ಮನೆಯಲ್ಲಿ ಅದಕ್ಕೆ ‘ಹವ್ಯಾಸ’ ಎನ್ನುತ್ತಿದ್ದರು. ಅದನ್ನು ಮೊದಲ ಸಲ ‘ಧಂದೆ’ ಎಂದು ಕರೆದವರು ನಮ್ಮ ಮನೆಯ ಮಾಲಕಿ, ಅದೂ ಬೈಯುವಾಗ.

ಮಾಲಕಿಯ ಹೆಸರು ವಂದನಾತಾಯಿ. ಮರಾಠಿಯಲ್ಲಿ ತಾಯಿ ಎಂದರೆ ಅಕ್ಕ. ಅವರ ಯಜಮಾನರದು ಕಳಮನಾ ಮಾರುಕಟ್ಟೆಯಲ್ಲಿ ಶೇಂಗಾದ ಸಗಟು ವ್ಯಾಪಾರ. ಕೆಳಗಿನ ಮನೆ ಅವರದು. ವಂದನಾತಾಯಿ ನನ್ನೊಡನೆ ಮರಾಠಿಯಲ್ಲಿ ಶುರುಮಾಡಿ ಸಿಟ್ಟು ಏರಿದಂತೆ ಹಿಂದಿಗೆ ಬರುತ್ತಿದ್ದರು. ಇಲ್ಲಿ ಅವರ ಮಾತನ್ನು ನಮ್ಮ ಕನ್ನಡದಲ್ಲೇ ಬರೆಯುತ್ತೇನೆ, ಸಿಟ್ಟು ಮಾತ್ರ ಅವರದೇ.

“ಮನಿ ಕೊಟ್ಟಿದ್ದು ಇರಲಿಕ್ಕೆ, ಭಾಭೀ. ದುಕಾನ್ ಇಡಲಿಕ್ಕಲ್ಲ.”

ಓವನ್ನಿನಿಂದ ಗೋಡೆ ಬಿಸಿಯಾಗುತ್ತದೆ, ಆರ್ಡರ್ ಒಯ್ಯಲು ಬಂದವರು ಗೇಟಿಗೆ ಅಡ್ಡ ಸ್ಕೂಟರ್ ನಿಲ್ಲಿಸುತ್ತಾರೆ, ನಮ್ಮ ಸಕ್ಕರೆಗೆ ಅವರ ಮನೆಯಲ್ಲಿ ಇರುವೆ. ಹೀಗೆ ಪ್ರತಿ ವಾರ ಒಂದಿರುತ್ತಿತ್ತು. ಕೊನೆಗೆ ಡಿಸೆಂಬರಿನಲ್ಲಿ ಮೆಟ್ಟಿಲ ಮೇಲೆ ನಿಂತೇ ಹೇಳಿದರು: ಹೊಸ ವರ್ಷದಿಂದ ಓವನ್ ಬಂದ್, ಇಲ್ಲ ಮನೆ ಖಾಲಿ. ಬಾಗಿಲು ಹಾಕಿಕೊಂಡು ಬಂದು ನಾನು ನಮ್ಮವರಿಗೆ ಹೇಳಿದರೆ, ಅವರು ಪೇಪರಿನಿಂದ ತಲೆ ಎತ್ತಿ, “ಬಂದ್ ಮಾಡಿಬಿಡು, ಏನಾತೀಗ?” ಅಂದರು. ಅವರು ಕೆಟ್ಟವರಲ್ಲ. ಬೆಳಿಗ್ಗೆ ಎದ್ದರೆ ಅವರಿಗೆ ಹೋಗಲು ಒಂದು ಜಾಗ ಇತ್ತು. ನನಗೆ ಇದ್ದದ್ದು ಆ ಮೂಲೆ.

ಜನವರಿಯ ಮೊದಲ ವಾರ ವಂದನಾತಾಯಿ ತಾವೇ ಮೇಲೆ ಬಂದರು. ಬಾಗಿಲಲ್ಲಿ ಚಪ್ಪಲಿ ಬಿಡದೆ ಒಳಗೆ ಬರುವವರು ಅಂದು ಬಿಟ್ಟು ಬಂದರು, ಅದನ್ನು ನೋಡಿದೆ. ಮೊಬೈಲು ಮುಂದೆ ಹಿಡಿದರು. ಅದರಲ್ಲಿ ಗಾಜಿನ ಗ್ಲಾಸು. ತಳದಲ್ಲಿ ಕಪ್ಪು ಪದರ, ಅದರ ಮೇಲೆ ಹಾಲುಕಂದು ಬಣ್ಣದ್ದು, ಅದರ ಮೇಲೆ ಮತ್ತೆ ಕಪ್ಪು, ತುದಿಯಲ್ಲಿ ಬಿಳಿ ಕ್ರೀಮು. ಚಾಕೊಲೇಟ್ ಮತ್ತು ಪೀನಟ್ ಬಟರ್ ಡೆಸರ್ಟ್.

“ಮಧುರಾನ್ನ ನೋಡಲಿಕ್ಕೆ ಬರ್ತಾರ. ಎಲ್ಲಾ ಬರೋಬರ್ ಆದ್ರ ಅವತ್ತೇ ಸುಪಾರಿ,” ಅಂದರು. ಮಧುರಾ ಅವರ ಮಗಳು, ಬ್ಯಾಂಕಿನಲ್ಲಿ ಕೆಲಸ. ಸುಪಾರಿ ಎಂದರೆ ಮಾತು ಗಟ್ಟಿಯಾಗುವುದು, ನಮ್ಮ ಕಡೆಯ ವೀಳ್ಯ. “ಆ ಮನ್ಯಾಗ ಎಲ್ಲಾ ಹುಡುಗನ ಆಜಿ ಮಾತು. ಅವತ್ತ ಸಂಕಷ್ಟಿ ಚತುರ್ಥಿ ಬಂದದ, ಅವರಿಗೆ ಉಪಾಸ. ಅದಕ್ಕೇ ದಾಣೇದ್ದು ಆರಿಸೀನಿ. ನೀವು ಇದನ್ನ ಚೆಂದ ಮಾಡಿಕೊಡ್ರಿ, ಓವನ್ ಮಾತು ನಾನೂ ಮರೀತೀನಿ.”

ಓದುಗರಿಗೆ ಇಲ್ಲೊಂದು ವಿವರ ಬೇಕು. ವಿದರ್ಭದಲ್ಲಿ ಉಪವಾಸವೆಂದರೆ ಬರಿಹೊಟ್ಟೆ ಅಲ್ಲ, ಧಾನ್ಯ ಬಿಡುವುದು. ಅಕ್ಕಿ, ಗೋಧಿ, ಬೇಳೆ ಕೂಡದು. ಸಾಬುದಾಣೆ, ಬಟಾಟೆ, ಶೇಂಗಾ ನಡೆಯುತ್ತವೆ. ಶೇಂಗಾ ಇಲ್ಲದೆ ಇಲ್ಲಿ ಉಪವಾಸವೇ ಇಲ್ಲ ಎನ್ನಬಹುದು. ಶೇಂಗಾಕಾಳಿಗೆ ಇಲ್ಲಿ ದಾಣೆ ಎನ್ನುತ್ತಾರೆ. ‘ದಾಣೇದ್ದು’ ಅಂದರೆ ಸಾಕು, ಉಪವಾಸದವರು ಕೈ ಚಾಚುತ್ತಾರೆ. ಆದರೆ ಆ ಚಿತ್ರದ ತಳದ ಕಪ್ಪು ಪದರ ಚಾಕೊಲೇಟ್ ಬಿಸ್ಕಿಟ್ಟಿನ ಪುಡಿ. ಬಿಸ್ಕಿಟ್ ಎಂದರೆ ಮೈದಾ, ಮೈದಾ ಎಂದರೆ ಗೋಧಿ.

ನಾನು ಹಾಗೆಂದೆ. ತಳಕ್ಕೆ ಖರ್ಜೂರ ಮತ್ತು ಹುರಿದ ಶೇಂಗಾ ಕುಟ್ಟಿ ಹಾಕೋಣ, ಎಲ್ಲರಿಗೂ ನಡೆಯುತ್ತದೆ ಅಂದೆ.

“ಅದು ಕಂದು ಕಾಣ್ತದ. ನನಗ ಕಪ್ಪು ಬೇಕು, ಹಿಂಗಽ ಬೇಕು.” ಬೆರಳಿನಿಂದ ಚಿತ್ರವನ್ನು ದೊಡ್ಡದು ಮಾಡಿ ತೋರಿಸಿದರು. “ಅಷ್ಟು ತಳದಾಗಿಂದು ಯಾರಿಗೆ ಗೊತ್ತಾಗ್ತದ? ಆಜಿಗೆ ಚಷ್ಮಾ ಇದ್ರೂ ಸಮಾ ಕಾಣಂಗಿಲ್ಲಂತ.”

“ಆದ್ರ ತಾಯಿ—”

“ಕಾನ್ವೆಂಟಿನವರಿಗೆ ನಮ್ಮ ಉಪಾಸದ ಚಿಂತಿ ಯಾಕ?”

ಮರುದಿನ ಕಳಮನಾದಿಂದ ಶೇಂಗಾ ಬಂತು. ಅಂಗಡಿಯ ಹಳೆಯ ಮಾಲು, ಕೆಲವು ಸುಕ್ಕುಗಟ್ಟಿದ್ದವು, ಕೆಲವಕ್ಕೆ ಕಮಟು ವಾಸನೆ. ಒಂದೇ ಒಂದು ಕಮಟು ಕಾಳು ಇಡೀ ಜಾರು ಕೆಡಿಸುತ್ತದೆ. ತಾಟಿನಲ್ಲಿ ಹರವಿ, ಆರಿಸಿ, ಸಣ್ಣ ಉರಿಯಲ್ಲಿ ಹುರಿದು, ಸಿಪ್ಪೆ ತಿಕ್ಕಿ ತೂರಿದೆ. ಮಿಕ್ಸರಿಗೆ ಹಾಕಿದರೆ ಮೊದಲು ಪುಡಿ, ಆಮೇಲೆ ಜಾರಿನ ಗೋಡೆಗೆ ಅಂಟುವ ಮುದ್ದೆ. ಹೊಸಬರು ಇಲ್ಲಿ ಗಾಬರಿಯಾಗಿ ನೀರೋ ಎಣ್ಣೆಯೋ ಹಾಕಿಬಿಡುತ್ತಾರೆ. ಹಾಕಬಾರದು. ತಡೆದು ತಡೆದು ತಿರುಗಿಸುತ್ತಿದ್ದರೆ ಕಾಳು ತನ್ನ ಎಣ್ಣೆಯನ್ನು ತಾನೇ ಬಿಡುತ್ತದೆ. ಮುದ್ದೆ ಸಡಿಲಾಗಿ, ಹೊಳಪು ಬಂದು, ಚಮಚದಿಂದ ಜಾರುತ್ತದೆ. ಅದಕ್ಕೆ ನೀರು ಬಸಿದ ಗಟ್ಟಿ ಮೊಸರು, ಇಲ್ಲಿಯವರ ಚಕ್ಕಾ, ಸಕ್ಕರೆ ಪುಡಿ ಸೇರಿಸಿ ಹಗುರಾಗುವವರೆಗೆ ಕಡೆದೆ. ಮೇಲಿನ ಪದರಕ್ಕೆ ಬಿಸಿ ಕ್ರೀಮಿನಲ್ಲಿ ಡಾರ್ಕ್ ಚಾಕೊಲೇಟ್ ಕರಗಿಸಿದ್ದು, ಗನಾಶ್ ಎನ್ನುತ್ತಾರೆ. ಒಂದು ಪದರ ಫ್ರಿಜ್ಜಿನಲ್ಲಿ ಗಟ್ಟಿಯಾಗದೆ ಇನ್ನೊಂದನ್ನು ಸುರಿದರೆ ಎರಡೂ ಕಲೆತು ಕೆಸರಾಗುತ್ತದೆ. ಪದರದ ಅಡುಗೆಯಲ್ಲಿ ಅರ್ಧ ಕೆಲಸ ಕಾಯುವುದು.

ಹೇಳಿದ ಹಾಗೆ ಗ್ಲಾಸುಗಳ ತಳಕ್ಕೆ ಕಪ್ಪು ಬಿಸ್ಕಿಟ್ಟೇ ಹಾಕಿದೆ. ಆದರೆ ಎರಡು ಗ್ಲಾಸಿಗೆ ಮಾತ್ರ ಖರ್ಜೂರ-ಶೇಂಗಾದ ತಳ, ಉಪ್ಪಿನ ಬದಲು ಉಪವಾಸಕ್ಕೆ ನಡೆಯುವ ಸೈಂಧವ ಲವಣ. ಗುರುತಿಗೆ ಕ್ರೀಮಿನ ಮೇಲೆ ಅರ್ಧ ಶೇಂಗಾಬೇಳೆ ಇಟ್ಟೆ. ಚತುರ್ಥಿಯ ಮಧ್ಯಾಹ್ನ ಎಲ್ಲವನ್ನೂ ಕೆಳಗೆ ಒಯ್ದು, ಈ ಎರಡು ಆಜಿಗೆ ಎಂದು ವಂದನಾತಾಯಿಗೆ ತೋರಿಸಿ ಕೊಟ್ಟೆ. ಮಧುರಾ ಪಕ್ಕದಲ್ಲೇ ಇದ್ದಳು. ಅವರು ಎರಡನ್ನೂ ಎತ್ತಿ ಬೆಳಕಿಗೆ ಹಿಡಿದರು.

“ಇವು ಬಾಕೀದಕ್ಕ ಹೊಂದಂಗಿಲ್ಲ. ಟ್ರೇ ಚೆಂದ ಕಾಣಂಗಿಲ್ಲ,” ಎಂದು ಫ್ರಿಜ್ಜಿಗೆ ತಳ್ಳಿ ಬಾಗಿಲು ಹಾಕಿದರು. “ನೀವೂ ನಿಲ್ಲರಿ, ಹಂಚಲಿಕ್ಕೆ ಬೇಕಾಗ್ತದ.”

ಬಂದವರು ನಾಲ್ಕು ಜನ: ಹುಡುಗ, ಅವನ ತಂದೆ-ತಾಯಿ, ಆಜಿ. ಆಜಿ ಒಣಗಿದ ಕಟ್ಟಿಗೆಯಂಥ ಹೆಂಗಸು, ಹತ್ತಿಯ ಒಂಬತ್ತುಗಜದ ಸೀರೆ. ಸೋಫಾದ ತುದಿಯಲ್ಲಿ ಕೂತಿದ್ದರು, ಬೆನ್ನು ಊರಿರಲಿಲ್ಲ. ನಾನು ಟ್ರೇ ಹಿಡಿದು ಬಂದೆ. ಹುಡುಗನ ತಾಯಿ ನನ್ನ ಸೀರೆ ನೋಡಿ, ಇವರು ಮನೆಯವರೇ ಎಂದು ಕೇಳಿದರು.

“ಛೇ, ಅಲ್ಲ,” ಅಂದರು ವಂದನಾತಾಯಿ. “ಆಮಚ್ಯಾ ಸ್ವಯಂಪಾಕವಾಲ್ಯಾ ಬಾಈ.” ನಮ್ಮ ಅಡುಗೆಯವಳು.

ಮಧುರಾ ಸಟ್ಟನೆ ತಾಯಿಯ ಮುಖ ನೋಡಿದಳು. ನಾನು ಟ್ರೇ ಮುಂದೆ ಮಾಡಿದೆ.

ಆಜಿ ಗ್ಲಾಸು ತೆಗೆದುಕೊಂಡು, ಚಮಚವನ್ನು ಸೆರಗಿನಿಂದ ಒರೆಸಿದರು. ಆಮೇಲೆ ಗ್ಲಾಸನ್ನು ಕಿಟಕಿಯ ಕಡೆ ಎತ್ತಿ, ತಳವನ್ನು ಉಗುರಿನಿಂದ ತಟ್ಟಿದರು. ಸಮಾ ಕಾಣದ ಕಣ್ಣು ಸರಿಯಾದ ಜಾಗಕ್ಕೇ ಹೋಗಿತ್ತು.

“ಕೆಳಗಿನ ಕರೀದು ಏನಿದು?”

“ಚಾಕೊಲೇಟ್ ಆಜಿ, ಮ್ಯಾಲೆ ನಮ್ಮದೇ ದಾಣೆ. ಎಲ್ಲಾ ಉಪಾಸದ್ದು,” ಅಂದರು ವಂದನಾತಾಯಿ.

ಆಜಿ ಅವರ ಕಡೆ ತಿರುಗಲೇ ಇಲ್ಲ. ನನ್ನನ್ನು ನೋಡಿದರು.

“ಮಾಡಿದವರು ನೀವಲ್ಲ? ನೀವು ಹೇಳ್ರಿ.”

ವಂದನಾತಾಯಿ ನಗುತ್ತಲೇ ಇದ್ದರು. ಬಳೆಗಳನ್ನು ಮಾತ್ರ ಮೊಣಕೈವರೆಗೆ ಒತ್ತಿ ಏರಿಸಿದರು, ಅವು ಅಲ್ಲಿ ಕಚ್ಚಿಕೊಂಡು ನಿಂತವು. ಹೌದು ಎಂದರೆ ನನ್ನ ಓವನ್ ಉಳಿಯುತ್ತಿತ್ತು. ಒಂದೇ ಶಬ್ದ ಸಾಕಿತ್ತು, ಅದೂ ನನ್ನದಲ್ಲದ ಭಾಷೆಯಲ್ಲಿ. ಆಜಿಯ ಚಮಚ ಕ್ರೀಮಿಗೆ ತಾಗಿ ನಿಂತಿತ್ತು.

“ಬಿಸ್ಕಿಟ್ ಅದ, ಆಜಿ. ಮೈದಾದ್ದು. ನಿಮಗ ನಡೆಯಂಗಿಲ್ಲ,” ಅಂದೆ. “ಒಳಗ ಫ್ರಿಜ್ಜಿನಾಗ ಎರಡು ಬ್ಯಾರೆ ಅದಾವ, ಧಾನ್ಯ ಇಲ್ಲದ್ದು.”

“ಅವು ಬ್ಯಾರೆಯವರ ಆರ್ಡರ್,” ಅಂದರು ವಂದನಾತಾಯಿ.

“ಇಲ್ಲಮ್ಮ, ಅವು ಆಜಿಗೇ ಅಂತ ಈ ಕಾಕೂ ಕೊಟ್ಟಿದ್ದು,” ಎಂದು ನನ್ನನ್ನು ತೋರಿಸಿ ಮಧುರಾ ಎದ್ದು ಹೋಗಿ ಎರಡೂ ಗ್ಲಾಸು ತಂದಳು. ಅರ್ಧ ಶೇಂಗಾಬೇಳೆ ಒಂದರ ಕ್ರೀಮಿನಲ್ಲಿ ಮುಳುಗಿತ್ತು.

ಆಜಿ ಕೈಯಲ್ಲಿದ್ದ ಗ್ಲಾಸನ್ನು ಮೇಜಿನ ದೂರದ ಅಂಚಿಗೆ ಇಟ್ಟರು. ಹೊಸದನ್ನು ಮುಟ್ಟಲಿಲ್ಲ. “ಇನ್ನ ಚಂದ್ರ ಕಾಣೋತನಕ ಈ ಮನ್ಯಾಗ ನನಗ ನೀರು ಅಷ್ಟ ಸಾಕು,” ಅಂದರು. ವಂದನಾತಾಯಿಯ ನಗು ಆಗ ಹೋಯಿತು.

ನನಗೆ ಒಂದು ಒಳ್ಳೆಯ ಮಾತು ಸಿಗಬಹುದು ಎಂದು ಅನಿಸಿದ್ದು ನಿಜ. ಆಜಿ ನನ್ನ ಕಡೆ ತಿರುಗಿದಾಗ ಅವರ ಮುಖ ಮಾಲಕಿಯ ಕಡೆ ಇದ್ದದ್ದಕ್ಕಿಂತ ಮೆತ್ತಗೇನೂ ಆಗಿರಲಿಲ್ಲ.

“ನಾ ಕೇಳಿದೆ, ನೀವು ಹೇಳಿದ್ರಿ. ಕೇಳದಿದ್ರ?”

ನಾನು ಖಾಲಿ ಟ್ರೇ ಹಿಡಿದುಕೊಂಡು ಒಳಗೆ ಹೋದೆ.

ಬಂದವರು ಹೋದ ಕೂಡಲೇ ವಂದನಾತಾಯಿ ನನ್ನ ಹಿಂದೆಯೇ ಮೇಲೆ ಬಂದರು. ಚಪ್ಪಲಿ ಹಾಕಿಕೊಂಡೇ.

“ಅಡುಗೆಯವಳು ಅಂದದ್ದಕ್ಕ ಸೇಡು ತೀರಿಸಿಕೊಂಡ್ರಿ. ನನ್ನ ಮಗಳ ಬಾಳು ಹಾಳು ಮಾಡಲಿಕ್ಕೆ ನಿಂತ್ರಿ.”

“ಸೇಡಲ್ಲ ತಾಯಿ,” ಅಂದೆ. “ಅಡುಗೆಯವಳು ಅಂದ್ರಿ. ಅಡುಗೆಯವಳು ಹೇಳಬೇಕಾದದ್ದನ್ನ ಹೇಳಿದೆ.”

“ಮತ್ತ ಸಾಮಾನು ಕಟ್ಟೋದೂ ನೀವಽ ಮಾಡ್ರಿ. ಜಲ್ದಿ.”

ನಮ್ಮವರು ಒಳಗಿನಿಂದ ಎಲ್ಲ ಕೇಳಿಸಿಕೊಂಡಿದ್ದರು. ವಂದನಾತಾಯಿ ಹೋದ ಮೇಲೆ ಬಂದು ಓವನ್ನಿನ ಮುಂದೆ ನಿಂತು, ಅದರ ಅಗಲವನ್ನು ಕೈಯಿಂದ ಅಳೆದು, “ಇದು ಹಿಡಿಸೋ ಅಡಗಿಮನಿ ಹುಡುಕಬೇಕಲ್ಲ,” ಅಂದರು. ಬಂದ್ ಮಾಡು ಎನ್ನಲಿಲ್ಲ.

ಮಧುರಾಳ ಮದುವೆ ನಿಲ್ಲಲಿಲ್ಲ. ಅದೇ ಹುಡುಗನ ಜೊತೆ ಬೇಸಿಗೆಯಲ್ಲಿ ಆಯಿತು, ನಮಗೆ ಕರೆ ಬರಲಿಲ್ಲ. ಹುಡುಗಿ ಎದ್ದು ಗ್ಲಾಸು ತಂದದ್ದು ಆಜಿಗೆ ಮೆಚ್ಚುಗೆಯಾಯಿತು ಎಂದು ಯಾರೋ ಹೇಳಿದರು. ಆದರೆ ಕೇರಿಯಲ್ಲಿ ವಂದನಾತಾಯಿ ನನ್ನ ಬಗ್ಗೆ ಆಡಿದ ಮಾತು ಬೇರೆ. ಉಪವಾಸದವರಿಗೆ ಮೈದಾ ತಿನ್ನಿಸಲು ಹೋದ ಕಾನಡಿ ಬಾಈ, ಕನ್ನಡದ ಹೆಂಗಸು, ನಾನಾದೆ. ಹಳೆಯ ಗಿರಾಕಿಗಳಲ್ಲಿ ಹಲವರು ಮೆಲ್ಲಗೆ ಆರ್ಡರ್ ನಿಲ್ಲಿಸಿದರು. ನಾಲ್ಕು ಓಣಿ ಆಚೆ ನೆಲಮಹಡಿಯ ಮನೆಗೆ ಬಂದು ಮೊದಲಿನಿಂದ ಶುರು ಮಾಡಬೇಕಾಯಿತು.

ವಂದನಾತಾಯಿಯ ಬೈಗುಳ ನನಗೆ ಏನೂ ಕಲಿಸಲಿಲ್ಲ, ಬೈಗುಳದಿಂದ ಕಲಿಯುವುದು ಕಡಿಮೆ. ಆಜಿಯ ಪ್ರಶ್ನೆ ಕಲಿಸಿತು. ಆ ದಿನ ನಾನು ಮಾಲಕಿಗೆ ಎಚ್ಚರಿಕೆ ಹೇಳಿದ್ದೆ, ಬೇರೆ ಗ್ಲಾಸು ಮಾಡಿದ್ದೆ, ತೋರಿಸಿ ಕೊಟ್ಟಿದ್ದೆ. ಎಲ್ಲವನ್ನೂ ದುಡ್ಡು ಕೊಡುವವರಿಗೆ ಮಾಡಿದ್ದೆ. ತಿನ್ನುವವರಿಗೆ ಒಂದು ಮಾತೂ ಹೇಳದೆ ಟ್ರೇ ಮುಂದೆ ಹಿಡಿದಿದ್ದೆ.

ಈಗ ಪ್ರತಿ ಗ್ಲಾಸಿಗೆ ಒಂದು ಚೀಟಿ ಅಂಟಿಸುತ್ತೇನೆ, ಮರಾಠಿಯಲ್ಲಿ, ತಳದಿಂದ ಮೇಲಕ್ಕೆ ಪದರ ಪದರವಾಗಿ ಏನಿದೆ ಎಂದು. ಚೀಟಿ ಅಂದ ಕೆಡಿಸುತ್ತದೆ ಎನ್ನುವವರಿಗೆ ಆರ್ಡರ್ ಬೇಡ ಎನ್ನುತ್ತೇನೆ. ಮೊನ್ನೆ ಉಪವಾಸವೇ, ಪಥ್ಯವೇ ಎಂದು ಕೇಳಿದ್ದಕ್ಕೆ ಒಬ್ಬರು ಫೋನಿನಲ್ಲಿ ರೇಗಿದರು: “ಡಾಕ್ಟರ್ ಕೂಡ ಇಷ್ಟು ಕೇಳಂಗಿಲ್ಲ. ಆರ್ಡರ್ ಕೊಡೋಳು ನಾನು, ನನ್ನ ಹೆಸರು ಬರಕೊಳ್ರಿ, ಸಾಕು.”

“ಬರಕೊಂಡೆ,” ಅಂದೆ. “ತಿನ್ನೋರು ಯಾರು, ಅದನ್ನ ಹೇಳ್ರಿ.”