ಬ್ಯಾಲೆಯವಳು ಬಾಯಿ ಬಿಟ್ಟಾಗ

ಮೊನ್ನೆ ಮೆಟ್ರೋದಲ್ಲಿ ಬರುತ್ತಿದ್ದೆವು. ‘ಮುಂದಿನ ನಿಲ್ದಾಣ ವಿಜಯನಗರ’ ಎಂದು ಹೆಣ್ಣುದನಿಯೊಂದು ಜೇನು ಸವರಿದ ಹಾಗೆ ಹೇಳಿತು. ನೀವೂ ಕೇಳಿರುತ್ತೀರಿ. ಪಕ್ಕದಲ್ಲಿದ್ದ ನಮ್ಮಾಕೆ ವಿಶಾಲಾಕ್ಷಿ, “ಇಂಥ ದನಿ ಕೇಳಿದ್ರೆ ನಂಗೆ ಈಗ್ಲೂ ಮೈ ಉರಿಯುತ್ತೆ ಕಣ್ರೀ” ಎಂದಳು. ಎದುರಿನ ಹುಡುಗರೆಲ್ಲ ಫೋನಿನಿಂದ ತಲೆಯೆತ್ತಿದರು. ಮೆಲ್ಲಗೆ ಮಾತಾಡುವುದು ಅವಳ ಜಾಯಮಾನವಲ್ಲ. ಪಾಪ, ಮೆಟ್ರೋದ ಹೆಣ್ಣುಮಗಳದೇನೂ ತಪ್ಪಿಲ್ಲ. ಈ ಜಗಳ ಐವತ್ತು ವರ್ಷ ಹಳೆಯದು, ಅಂಥದೇ ಇನ್ನೊಂದು ಸಿಹಿ ದನಿಯ ಮೇಲಿನದು.

ನಮ್ಮ ಮದುವೆಯಾದದ್ದು ಎಪ್ಪತ್ತರ ದಶಕದ ಆರಂಭದಲ್ಲಿ. ನಾನು ರಾಜಾಜಿನಗರದ ಕಾರ್ಖಾನೆಯೊಂದರಲ್ಲಿ ಗುಮಾಸ್ತ. ಹುಡುಗಿ ಬ್ಯಾಲೆಯಲ್ಲಿದ್ದಾಳೆ ಎಂದು ಸಂಬಂಧ ತಂದವರು ಹೇಳಿದಾಗ ನಮ್ಮಮ್ಮನಿಗೆ ಕೇಳಿಸಿದ್ದು ‘ಬೇಳೆ’. “ಮಂಡಿ ಇಟ್ಟಿದಾರಾ? ಇನ್ನು ಸಾರಿನ ಯೋಚನೆ ಇಲ್ಲ ಬಿಡು” ಎಂದು ಒಪ್ಪಿಕೊಂಡೇಬಿಟ್ಟಳು. ಬೇಳೆಯಲ್ಲ, ಕುಣಿತ ಎಂದು ಗೊತ್ತಾಗುವಷ್ಟರಲ್ಲಿ ತಾಂಬೂಲ ಬದಲಾಯಿಸಿಕೊಂಡಾಗಿತ್ತು. “ದೇವರ ಕಥೆ ಅಮ್ಮ” ಎಂದು ನಾನು ಸಮಾಧಾನ ಮಾಡಿದೆ. ಅದು ನಿಜವೂ ಹೌದು. ಆಗೆಲ್ಲ ರಾಮನವಮಿಯ ಪೆಂಡಾಲುಗಳಲ್ಲಿ ಪುರಾಣದ ಬ್ಯಾಲೆಗಳು ನಡೆಯುತ್ತಿದ್ದವು. ಹಾಡುವವರು ಪಕ್ಕದಲ್ಲಿ ಕೂತು ಹಾಡಬೇಕು, ಕುಣಿಯುವವರು ತುಟಿ ಬಿಚ್ಚದೆ ಕುಣಿಯಬೇಕು. ವಿಶಾಲಾಕ್ಷಿ ಸೀತೆಯಾಗಿದ್ದಳು, ದಮಯಂತಿಯಾಗಿದ್ದಳು, ಯಾರಾದಾಗಲೂ ಒಂದು ಮಾತಾಡಿರಲಿಲ್ಲ. ಅವಳದು ಎದೆಯಾಳದಿಂದ ಬರುವ, ಸ್ವಲ್ಪ ಒರಟಾದ ದನಿ. “ನವಿಲು ಕುಣಿದ್ರೆ ಸಾಕಮ್ಮ, ಕೂಗೋದು ಬೇಡ” ಎನ್ನುತ್ತಿದ್ದರಂತೆ ಅವರ ಮೇಷ್ಟ್ರು.

ಒಂದು ಬ್ಯಾಲೆ ನೋಡಿದ ಸಿನಿಮಾದವರು ನಾಯಕನ ತಂಗಿಯ ಪಾತ್ರಕ್ಕೆ ಅವಳನ್ನು ಕರೆದರು. ಒಂದು ಕುಣಿತ, ಒಂದು ಮಾತಿನ ದೃಶ್ಯ. ಶೂಟಿಂಗ್ ನಡೆದದ್ದು ಸುಂಕದಕಟ್ಟೆಯಾಚೆಯ ಹುಣಸೆತೋಪಿನಲ್ಲಿ. ಹೇರೋಹಳ್ಳಿಯ ಕಡೆ ಕಣ್ಣು ಹಾಯಿಸಿದರೆ ಬರೀ ರಾಗಿಹೊಲ. ನಾನು ಕಾರ್ಖಾನೆಗೆ ಜ್ವರವೆಂದು ಹೇಳಿ, ಕಾವಲುಗಾರನ ಗತ್ತಿನಲ್ಲಿ ಛತ್ರಿ ಹಿಡಿದುಕೊಂಡು ಹೋಗಿದ್ದೆ. ಹೊಲದಲ್ಲಿದ್ದವರು ನನ್ನನ್ನೇ ಹೀರೋ ಎಂದುಕೊಂಡಾರೆಂಬ ಆಸೆಯಿಂದ ತಂಪುಕನ್ನಡಕವನ್ನೂ ಹಾಕಿದ್ದೆ. ಒಬ್ಬರೂ ತಿರುಗಿ ನೋಡಲಿಲ್ಲ. ಅವಳು ಮಾತ್ರ ಮಾತಿನ ದೃಶ್ಯದಲ್ಲಿ ಚೆನ್ನಾಗಿ ಮಾತಾಡಿದಳು.

ಸಿನಿಮಾ ಬಂತು. ವಠಾರಕ್ಕೆ ವಠಾರವೇ ಟಾಕೀಸಿಗೆ ಹೋಯಿತು. ಪರದೆಯ ಮೇಲೆ ವಿಶಾಲಾಕ್ಷಿ ಬಾಯಿ ತೆರೆದಳು. ಹೊರಗೆ ಬಂದದ್ದು ಸಕ್ಕರೆಪಾಕದಂಥ ಬೇರೆ ಯಾರದೋ ದನಿ! ಮದರಾಸಿನಲ್ಲಿ ಇನ್ನೊಬ್ಬಳ ಕೈಲಿ ಮಾತಾಡಿಸಿದ್ದರು, ನಮಗೊಂದು ಮಾತು ಹೇಳಿರಲಿಲ್ಲ. ಅಮ್ಮ ಕತ್ತಲಲ್ಲೇ, “ಇದ್ಯಾರೇ ನಿನ್ನ ಬಾಯೊಳಗೆ ಕೂತಿರೋಳು?” ಎಂದಳು. ಮನೆ ಸೇರಿದ ಮೇಲೆ ವಿಶಾಲಾಕ್ಷಿ ಅಂದಳು: “ಅಲ್ಲೂ ನನ್ನ ಬಾಯಿ ಮುಚ್ಚಿಸಿಬಿಟ್ರಲ್ಲ ರೀ. ಒಂದೇ ಒಂದ್ಸಲ ನನ್ನ ದನೀಲಿ ನಾನು ಮಾತಾಡಿ, ಜನ ಅದನ್ನ ಕೇಳಬೇಕು. ಅಷ್ಟಾದ್ರೆ ಸಾಕು.”

ನಮ್ಮ ಬಡಾವಣೆಯಲ್ಲಿ ಹವ್ಯಾಸಿ ನಾಟಕ ಮಾಡಿಸುತ್ತಿದ್ದ ಸತ್ಯಣ್ಣ ಎಂಬುವರಿದ್ದರು. ಅವರು ಬಂದು ಅವಳಿಗೆ ಕೊಡುತ್ತೇನೆಂದದ್ದು ಮೂಗಿಯ ಪಾತ್ರ!

“ಬಾಯಿರೋ ಪಾತ್ರ ಕೊಡಿ ಸಾರ್. ಇಲ್ಲಾಂದ್ರೆ ಬೇಡ” ಎಂದಳು.

ಅವರು ಅರೆಮನಸ್ಸಿನಿಂದ ವಠಾರದ ಒಡತಿಯ ಪಾತ್ರ ಕೊಟ್ಟರು. ಬರೀ ಬೈಗುಳ, ಬರೀ ಮಾತು. ಆದರೆ ಪ್ರಾಕ್ಟೀಸಿನಲ್ಲಿ ಅವಳ ಬಾಯಿಗಿಂತ ಮೊದಲು ಕೈಯೇ ಮಾತಾಡಿಬಿಡುತ್ತಿತ್ತು. ‘ನಾಳೆಯಿಂದ ನೀರು ಬಿಡಲ್ಲ’ ಎಂದು ಗದರಬೇಕಾದ ಕಡೆ ಬೆರಳುಗಳು ಬಳುಕಿ ಗಂಗೆ ಹರಿಸುತ್ತಿದ್ದವು. ‘ಕಣ್ಣು ಕಾಣಲ್ವೇನ್ರೀ’ ಎನ್ನುವಾಗ ಕಣ್ಣಂಚಿನಲ್ಲಿ ಮೀನು ಆಡುತ್ತಿತ್ತು. ಎಲ್ಲರೂ ಬಿದ್ದು ಬಿದ್ದು ನಕ್ಕರು. “ಬೇಜಾರು ಮಾಡ್ಕೋಬೇಡಿ ವಿಶಾಲಾಕ್ಷಿಯವ್ರೇ, ನಿಮ್ಮ ಬೇಳೆ ಇಲ್ಲಿ ಬೇಯೋ ಹಾಗೆ ಕಾಣಲ್ಲ. ಭಾನುವಾರದವರೆಗೆ ನೋಡ್ತೀನಿ” ಎಂದರು ಸತ್ಯಣ್ಣ.

ಮನೆಯಲ್ಲಿ ನಾನು ಮಹಾ ಬುದ್ಧಿವಂತನಂತೆ, “ಕೈಗಳನ್ನ ಜೇಬಿಗೆ ಹಾಕ್ಕೊಂಡುಬಿಡು” ಎಂದೆ. ಸೀರೆಗೆ ಜೇಬಿಲ್ಲವೆಂಬುದು ಅವಳು ನನ್ನನ್ನು ಗುರಾಯಿಸಿದ ಮೇಲೆ ಹೊಳೆಯಿತು. ಆಗ, ನಾಟಕ ಸಿನಿಮಾ ಮರ್ಯಾದಸ್ಥರಿಗಲ್ಲ ಎಂದು ದಿನವೂ ಗೊಣಗುತ್ತಿದ್ದ ಅಮ್ಮ, ಅಕ್ಕಿ ತುಂಬಿದ ಮೊರವನ್ನು ತಂದು ಸೊಸೆಯ ತೊಡೆಯ ಮೇಲಿಟ್ಟಳು.

“ಕೈ ಖಾಲಿ ಇದ್ರೆ ಕುಣಿಯುತ್ತೆ ಕಣೇ. ಕಲ್ಲು ಆರಿಸ್ತಾ ಮಾತಾಡು. ನಾನು ಈ ಬೀದೀಲಿ ಆಡಿರೋ ಜಗಳವೆಲ್ಲ ಹೀಗೇನೇ.”

ಮೊರ ಸಿಕ್ಕಿದ ಕೈಗಳು ತೆಪ್ಪಗಾದವು. ಅಮ್ಮ ಎದುರುಮನೆಯ ಜಗಲಿಗೆ ಹೋಗಿ ಕೂತು, “ಕೇಳಿಸ್ಲಿಲ್ಲ! ಇನ್ನೊಂದ್ಸಲ!” ಎಂದು ಕೂಗುವುದು, ಇವಳು ಇಲ್ಲಿಂದ ನೀರು ಬಿಡುವುದಿಲ್ಲವೆಂದು ಗದರುವುದು. ಬೀದಿಯವರು ಅತ್ತೆ ಸೊಸೆಗೆ ಕೊನೆಗೂ ಹತ್ತಿಕೊಂಡಿತು ಎಂದುಕೊಂಡು ಕಿಟಕಿ ತೆರೆದು ನಿಂತಿದ್ದರು. ನಮ್ಮ ಮನೆಯಲ್ಲಿ ಅಷ್ಟು ಶುಚಿಯಾದ ಅನ್ನವನ್ನು ನಾನು ಮುಂಚೆಯೂ ಉಂಡಿಲ್ಲ, ಆಮೇಲೂ ಉಂಡಿಲ್ಲ.

ನಾಟಕ ನಡೆದದ್ದು ಶಾಲೆಯೊಂದರ ಮೈದಾನದಲ್ಲಿ. ಮೇಲಿನಿಂದ ಇಳಿಬಿಟ್ಟಿದ್ದ ಒಂದೇ ಮೈಕು ಗೊಂಯ್‌ಗುಟ್ಟತೊಡಗಿತು, ಆರಿಸಿಬಿಟ್ಟರು. ಹಿಂದಿನ ಸಾಲಿನವರು ಎದ್ದು ಹೊರಡುವುದರಲ್ಲಿದ್ದರು. ಆಗ ವಿಶಾಲಾಕ್ಷಿ ಮೊರ ಹಿಡಿದು ಬಂದಳು, ಕೂತಳು, ಒಮ್ಮೆ ಅಕ್ಕಿ ಕೇರಿ, ತಲೆಯೆತ್ತದೆ ಮೊದಲ ಮಾತು ಬಿಟ್ಟಳು. ಬೇಲಿಯಾಚೆ ಕಡಲೆಕಾಯಿ ಮಾರುತ್ತಿದ್ದವನು ತನ್ನನ್ನೇ ಬೈದರೆಂದು ತಿರುಗಿದ. ಹೊರಟವರು ಕೂತರು. ಜನ ನಕ್ಕರು, ಚಪ್ಪಾಳೆ ತಟ್ಟಿದರು. ಅವಳು ಚಪ್ಪಾಳೆ ನಿಲ್ಲುವವರೆಗೂ ಕಲ್ಲು ಆರಿಸುತ್ತ ಕಾದಳು.

ಅದನ್ನು ನೋಡಿದ ಇನ್ನೊಬ್ಬ ಸಿನಿಮಾ ನಿರ್ದೇಶಕರು ಅಂಥದೇ ಪಾತ್ರ ಕೊಡುತ್ತೇನೆಂದು ಮನೆಗೆ ಬಂದರು. “ದನಿ ನಂದೇ ಇರಬೇಕು” ಎಂದಳು ಇವಳು. ಅವರು ನನ್ನ ಮುಖ ನೋಡಿದರು. ನಾನು ಅಮ್ಮನ ಮುಖ ನೋಡಿದೆ. ಅಮ್ಮ ಕಾಫಿಲೋಟ ಇಡುತ್ತ, “ಅವಳ ಬಾಯಿಗೆ ಅವಳೇ ಯಜಮಾನಿ ಸ್ವಾಮಿ” ಎಂದಳು. ಮಾತು ಅಲ್ಲಿಗೆ ಮುಗಿಯಿತು.

ಮದರಾಸಿಗೆ ಹೋಗಿ ಅವಳೇ ಮಾತಾಡಿ ಬಂದಳು. ಬಿಡುಗಡೆಯ ದಿನ ಅದೇ ಟಾಕೀಸು, ಅದೇ ವಠಾರ. ವಿಶಾಲಾಕ್ಷಿ ನನ್ನ ಮುಂಗೈಯನ್ನು ಹಿಂಡಿ ಹಿಡಿದುಕೊಂಡಿದ್ದಳು. ಪರದೆಯ ಮೇಲಿನವಳು ಬಾಯಿ ತೆರೆದಳು. ಬಂತು ನೋಡಿ, ನಮ್ಮ ಹಜಾರದ್ದೇ ದನಿ! ಅಮ್ಮ ಎದ್ದು ನಿಂತು, “ನಮ್ಮ ವಿಶಾಲೂ ಕಣ್ರೋ!” ಎಂದು ಕೂಗಿದಳು. “ಕೂತ್ಕೊಳ್ಳಮ್ಮೋ” ಎಂದು ರೇಗಿದ ಹಿಂದಿನವನೇ ಮುಂದಿನ ಮಾತಿಗೆ ಶಿಳ್ಳೆ ಹೊಡೆದ. ಆಮೇಲೆ ಟಾಕೀಸಿಗೆ ಟಾಕೀಸೇ ಶಿಳ್ಳೆ. ನಾನು ಅತ್ತುಬಿಟ್ಟೆ. ಅಷ್ಟು ಹೆಮ್ಮೆ ನನಗೆ ನನ್ನ ಬಗ್ಗೆ ಯಾವತ್ತೂ ಆಗಿಲ್ಲ, ಆಗಲು ಕಾರಣವೂ ಇರಲಿಲ್ಲ ಬಿಡಿ.

ಮತ್ತೆ ಅವಳು ನಟಿಸಲಿಲ್ಲ. ಕರೆಯಲು ಬಂದವರೆಲ್ಲ ಬಾಯಿಬಡುಕಿಯ ಪಾತ್ರವನ್ನೇ ತಂದರು. “ಕೇಳಿಸ್ತಲ್ಲ, ಸಾಕು” ಎಂದು ನಗುತ್ತ ಬ್ಯಾಲೆಗೆ ಮರಳಿದಳು. ಆದರೆ ಅಂದಿನಿಂದ ಕುಣಿತ ಶುರುವಾಗುವ ಮುಂಚೆ ವೇದಿಕೆಯ ನಡುವೆ ನಿಂತು ಕಥೆ ಹೇಳುತ್ತಿದ್ದವಳು ಅವಳೇ. ಮೇಷ್ಟ್ರು ಬೇಡವೆನ್ನಲಿಲ್ಲ.

ಈಗ ನನಗೆ ಕಿವಿ ಮಂದ. ಡಾಕ್ಟರು ಯಂತ್ರ ಕೊಟ್ಟು ಮಲಗುವಾಗ ಬಿಟ್ಟು ಮಿಕ್ಕ ಹೊತ್ತೆಲ್ಲ ಹಾಕಿಕೊಳ್ಳಿ ಎಂದಿದ್ದಾರೆ. ಹೊರಗೆ ಹೋಗುವಾಗ ಹಾಕಿಕೊಳ್ಳುತ್ತೇನೆ, ಮನೆಗೆ ಬಂದೊಡನೆ ತೆಗೆದು ಡಬ್ಬಿಗೆ ಹಾಕುತ್ತೇನೆ. ಟೀವಿ ಕೇಳಿಸುವುದಿಲ್ಲ, ಬಾಗಿಲ ಗಂಟೆ ಕೇಳಿಸುವುದಿಲ್ಲ. ಇದನ್ನು ಬರೆಯುತ್ತ ಕೂತಿದ್ದೇನೆ, ಡಬ್ಬಿ ಮೇಜಿನ ಮೇಲಿದೆ.

“ರೀ, ಊಟಕ್ಕೆ ಬನ್ನಿ!”

“ಬಂದೆ” ಎಂದೆ.